ರೈಲಾ ಒಡಿಂಗಾ ಇಲ್ಲದ ಕೆನ್ಯಾ: ಬೀದಿ ಹೋರಾಟ, ಹಸ್ತಲಾಘವ ಮತ್ತು ಬಾಕಿ ಉಳಿದ ಲೆಕ್ಕ

2025ರ ಅಕ್ಟೋಬರ್ 15ರ ಬೆಳಿಗ್ಗೆ ಕೇರಳದ ಕೂತಾಟ್ಟುಕುಳಂನಲ್ಲಿ ವಾಯುವಿಹಾರಕ್ಕೆ ಹೊರಟಿದ್ದ 80 ವರ್ಷದ ವಿದೇಶಿ ಅತಿಥಿಯೊಬ್ಬರು ದಾರಿಯಲ್ಲೇ ಕುಸಿದುಬಿದ್ದರು. ಹತ್ತಿರದ ಆಸ್ಪತ್ರೆಗೆ ಒಯ್ದರೂ ಜೀವ ಉಳಿಯಲಿಲ್ಲ. ಅವರು ಕೆನ್ಯಾದ ಮಾಜಿ ಪ್ರಧಾನಿ ರೈಲಾ ಒಡಿಂಗಾ. ದೃಷ್ಟಿ ಕಳೆದುಕೊಂಡಿದ್ದ ಅವರ ಮಗಳು ರೋಸ್ಮೆರಿ ಇದೇ ಊರಿನ ಆಯುರ್ವೇದ ಕಣ್ಣಾಸ್ಪತ್ರೆಯಲ್ಲಿ ಚಿಕಿತ್ಸೆ ಪಡೆದಿದ್ದರು, ಅದರಿಂದ ಮಗಳಿಗೆ ಮತ್ತೆ ಕಣ್ಣು ಕಾಣುವಂತಾಯಿತೆಂದು ತಂದೆ ಹೋದಲ್ಲೆಲ್ಲ ಹೇಳುತ್ತಿದ್ದರು. ಪ್ರಧಾನಿ ಮೋದಿ ತಮ್ಮ ‘ಮನದ ಮಾತು’ ಕಾರ್ಯಕ್ರಮದಲ್ಲೂ ಈ ಪ್ರಸಂಗವನ್ನು ಪ್ರಸ್ತಾಪಿಸಿದ್ದರಿಂದ ರೈಲಾ ಹೆಸರು ಭಾರತದ ಅನೇಕರಿಗೆ ಪರಿಚಯವಾದದ್ದೇ ಹಾಗೆ. ಅವರ ಸಾವಿನ ಸುದ್ದಿಯೂ ನಮ್ಮಲ್ಲಿ ಬಹುಮಟ್ಟಿಗೆ ಅಷ್ಟಕ್ಕೇ ನಿಂತುಹೋಯಿತು.

ಕೆನ್ಯಾದಲ್ಲಿ ಆದದ್ದೇ ಬೇರೆ. ಮರುದಿನ ಪಾರ್ಥಿವ ಶರೀರ ನೈರೋಬಿ ತಲುಪಿದಾಗ ವಿಮಾನ ನಿಲ್ದಾಣದ ಬೇಲಿ, ಕಾವಲು ಯಾವುದೂ ನಿಲ್ಲಲಿಲ್ಲ. ಕೈಯಲ್ಲಿ ಹಸಿರು ಸೊಪ್ಪಿನ ರೆಂಬೆ ಹಿಡಿದ ಸಾವಿರಾರು ಜನ ಒಳಗೆ ನುಗ್ಗಿದರು, ಶವವಾಹನದ ಅಕ್ಕಪಕ್ಕದಲ್ಲೇ ಕಿಲೋಮೀಟರುಗಟ್ಟಲೆ ನಡೆದರು. ಸಂಸತ್ತಿನಲ್ಲಿ ನಡೆಯಬೇಕಿದ್ದ ಅಂತಿಮ ದರ್ಶನವನ್ನು ಕಸರಾನಿ ಕ್ರೀಡಾಂಗಣಕ್ಕೆ ಬದಲಿಸಬೇಕಾಯಿತು. ಅಲ್ಲಿಯೂ ನೂಕುನುಗ್ಗಲಾಗಿ ಭದ್ರತಾ ಪಡೆಗಳು ಗುಂಡು ಹಾರಿಸಿದವು. ಕನಿಷ್ಠ ಮೂವರು ಸತ್ತರು. ಆಗ ರೈಲಾ ಅಧ್ಯಕ್ಷರಾಗಿರಲಿಲ್ಲ, ಮಂತ್ರಿಯೂ ಆಗಿರಲಿಲ್ಲ. ಐದು ಸಲ ಅಧ್ಯಕ್ಷ ಸ್ಥಾನಕ್ಕೆ ಸ್ಪರ್ಧಿಸಿ ಐದೂ ಸಲ ಸೋತವರು. ಅಂಥವರ ಶವಯಾತ್ರೆಗೆ ದೇಶ ಹೀಗೆ ಮುಗಿಬಿದ್ದದ್ದು ಏಕೆ, ಅವರಿಲ್ಲದೆ 2027ರ ಆಗಸ್ಟ್‌ನ ಚುನಾವಣೆಗೆ ಹೊರಟಿರುವ ಕೆನ್ಯಾ ಏಕೆ ಆತಂಕದಲ್ಲಿದೆ ಎಂಬುದನ್ನು ತಿಳಿಯಬೇಕಾದರೆ ಅವರ ಬದುಕನ್ನು ಸ್ವಲ್ಪ ಹಿಂದಿನಿಂದಲೇ ನೋಡಬೇಕು.

ಈ ಕಥೆ ಆರಂಭವಾಗುವುದು ಭೂಮಿಯ ಜಗಳದಿಂದ. 1963ರ ಡಿಸೆಂಬರ್‌ನಲ್ಲಿ ಕೆನ್ಯಾ ಸ್ವತಂತ್ರವಾದಾಗ ಜೋಮೊ ಕೆನ್ಯಾಟ ಪ್ರಧಾನಿಯಾಗಿದ್ದರು. ಮರುವರ್ಷ ದೇಶ ಗಣರಾಜ್ಯವಾಗಿ ಆ ಹುದ್ದೆ ರದ್ದಾಯಿತು, ಕೆನ್ಯಾಟ ಅಧ್ಯಕ್ಷರಾದರು. ಉಪಾಧ್ಯಕ್ಷರಾದವರು ಜಾರಮೋಗಿ ಒಗಿಂಗಾ ಒಡಿಂಗಾ, ರೈಲಾ ಅವರ ತಂದೆ. ಬಿಳಿಯ ಜಮೀನುದಾರರು ಬಿಟ್ಟುಹೋಗುತ್ತಿದ್ದ ಫಲವತ್ತಾದ ನೆಲ ಯಾರಿಗೆ ಸೇರಬೇಕು ಎಂಬ ಪ್ರಶ್ನೆಯಲ್ಲಿ ಇಬ್ಬರೂ ಬೇರೆಯಾದರು. ಜಮೀನು ಬಡವರಿಗೆ ಸಿಗಬೇಕೆಂದು ಪಟ್ಟು ಹಿಡಿದ ಜಾರಮೋಗಿ 1966ರಲ್ಲಿ ಹೊರಬಂದು ಹೊಸ ಪಕ್ಷ ಕಟ್ಟಿದರು. 1969ರ ಅಕ್ಟೋಬರ್‌ನಲ್ಲಿ ಕೆನ್ಯಾಟ ಒಂದು ಆಸ್ಪತ್ರೆಯ ಉದ್ಘಾಟನೆಗೆ ಜಾರಮೋಗಿಯವರ ನೆಲೆಯಾದ ಕಿಸುಮು ನಗರಕ್ಕೆ ಬಂದಾಗ ಜನ ಪ್ರತಿಭಟಿಸಿದರು, ಅಧ್ಯಕ್ಷರ ಕಾವಲುಪಡೆ ಗುಂಪಿನ ಮೇಲೆ ಗುಂಡು ಹಾರಿಸಿತು. ಪಕ್ಷ ನಿಷೇಧವಾಯಿತು, ಜಾರಮೋಗಿ ಬಂಧನಕ್ಕೊಳಗಾದರು. ಅಂದಿನಿಂದ ವಿಕ್ಟೋರಿಯಾ ಸರೋವರದ ದಂಡೆಯ, ಒಡಿಂಗಾ ಮನೆತನ ಸೇರಿದ ಲುವೊ ಸಮುದಾಯ ದೇಶದ ಅಧಿಕಾರದಿಂದ ದೂರವೇ ಉಳಿಯಿತು. ಇದುವರೆಗೆ ಕೆನ್ಯಾ ಕಂಡ ಐವರು ಅಧ್ಯಕ್ಷರಲ್ಲಿ ಮೂವರು ಕಿಕುಯು, ಇಬ್ಬರು ಕಲೆಂಜಿನ್ ಸಮುದಾಯದವರು.

ಕನ್ನಡಿಗರು ನೆನಪಿಡಬೇಕಾದ ಒಂದು ಹೆಸರು ಇಲ್ಲಿ ಬರುತ್ತದೆ. ಜಾರಮೋಗಿಯವರ ಅತ್ಯಂತ ನಂಬಿಕೆಯ ಸಂಗಾತಿಗಳಲ್ಲಿ ಒಬ್ಬರಾಗಿದ್ದ ಪಿಯೊ ಗಾಮಾ ಪಿಂಟೊ ನೈರೋಬಿಯಲ್ಲಿ ಹುಟ್ಟಿದ ಗೋವಾ ಮೂಲದವರು. ಅವರು ಎರಡು ವರ್ಷ ವಿಜ್ಞಾನ ಓದಿದ್ದು ಧಾರವಾಡದ ಕರ್ನಾಟಕ ಕಾಲೇಜಿನಲ್ಲಿ. ಕೆನ್ಯಾಕ್ಕೆ ಮರಳಿ ಸ್ವಾತಂತ್ರ್ಯ ಹೋರಾಟಕ್ಕೆ ಇಳಿದ ಪಿಂಟೊ ಬ್ರಿಟಿಷರ ಸೆರೆಯಲ್ಲಿ ವರ್ಷಗಟ್ಟಲೆ ಇದ್ದರು, ಸ್ವತಂತ್ರ ಕೆನ್ಯಾದಲ್ಲಿ ಭೂಮಿಯ ಪ್ರಶ್ನೆಯನ್ನು ಬಿಡದೆ ಎತ್ತಿದರು. 1965ರ ಫೆಬ್ರವರಿಯಲ್ಲಿ ಅವರನ್ನು ಮನೆಯ ಮುಂದೆಯೇ, ಕಾರಿನಲ್ಲಿ ಮಗಳು ಕುಳಿತಿರುವಾಗ ಗುಂಡಿಟ್ಟು ಕೊಂದರು. ಸ್ವತಂತ್ರ ಕೆನ್ಯಾದ ಮೊದಲ ರಾಜಕೀಯ ಹತ್ಯೆ ಅದು. ಕೊಲ್ಲಿಸಿದವರು ಯಾರೆಂಬುದು ಈವರೆಗೂ ನ್ಯಾಯಾಲಯದಲ್ಲಿ ಸಾಬೀತಾಗಿಲ್ಲ. ಹತ್ಯೆಗಳು ನಡೆಯುವುದು, ತನಿಖೆಗಳು ಮುಗಿಯದಿರುವುದು ಕೆನ್ಯಾದ ರಾಜಕಾರಣದಲ್ಲಿ ರೂಢಿಯಾದದ್ದು ಅಲ್ಲಿಂದಲೇ. ರೈಲಾ ಬೆಳೆದದ್ದು ಇಂಥ ವಾತಾವರಣದಲ್ಲಿ.

1945ರ ಜನವರಿ 7ರಂದು ಹುಟ್ಟಿದ ರೈಲಾ ಪೂರ್ವ ಜರ್ಮನಿಯ ಮ್ಯಾಗ್ಡೆಬರ್ಗ್‌ನಲ್ಲಿ ಮೆಕ್ಯಾನಿಕಲ್ ಎಂಜಿನಿಯರಿಂಗ್ ಓದಿ 1970ರಲ್ಲಿ ಊರಿಗೆ ಬಂದರು. ನೈರೋಬಿ ವಿಶ್ವವಿದ್ಯಾಲಯದಲ್ಲಿ ಪಾಠ ಹೇಳಿದರು, ಅಡುಗೆ ಅನಿಲದ ಸಿಲಿಂಡರ್ ತಯಾರಿಸುವ ಕಂಪನಿ ಕಟ್ಟಿದರು, ಸರ್ಕಾರದ ಮಾನಕ ಸಂಸ್ಥೆಯಲ್ಲಿ ಉಪನಿರ್ದೇಶಕರಾದರು. 1982ರ ಆಗಸ್ಟ್ 1ರಂದು ವಾಯುಪಡೆಯ ಕಿರಿಯ ಸಿಬ್ಬಂದಿ ಅಧ್ಯಕ್ಷ ಡೇನಿಯಲ್ ಅರಪ್ ಮೋಯ್ ವಿರುದ್ಧ ದಂಗೆಯೆದ್ದು ವಿಫಲರಾದರು. ರೈಲಾ ಮೇಲೆ ದೇಶದ್ರೋಹದ ಆರೋಪ ಬಂತು. ಆರೋಪವನ್ನು ಕೈಬಿಟ್ಟ ಸರ್ಕಾರ ಅವರನ್ನು ಬಿಡದೆ, ವಿಚಾರಣೆಯೇ ಇಲ್ಲದೆ 1988ರ ಫೆಬ್ರವರಿಯವರೆಗೆ ಕೂಡಿಹಾಕಿತು. ದಂಗೆಯಲ್ಲಿ ಅವರ ಪಾತ್ರ ಮೊದಲು ತಿಳಿದಿದ್ದಕ್ಕಿಂತ ಹೆಚ್ಚಿತ್ತೆಂಬುದು ಎರಡು ದಶಕಗಳ ಬಳಿಕ ಹೊರಬಂದ ಅವರ ಜೀವನಚರಿತ್ರೆಯಿಂದ ಗೊತ್ತಾಯಿತು. ಹಾಗೆಂದು ವಿಚಾರಣೆಯಿಲ್ಲದ ಸೆರೆವಾಸ ನ್ಯಾಯವಾಗುವುದಿಲ್ಲ. 1984ರಲ್ಲಿ ತಾಯಿ ತೀರಿಕೊಂಡಾಗ ಜೈಲಿನವರು ಮಗನಿಗೆ ಸುದ್ದಿ ಮುಟ್ಟಿಸಿದ್ದು ಎರಡು ತಿಂಗಳ ನಂತರ. ಬಿಡುಗಡೆಯಾದ ವರ್ಷವೇ ಮತ್ತೆ ಬಂಧನ, 1990ರಲ್ಲಿ ಇನ್ನೊಮ್ಮೆ. 1991ರಲ್ಲಿ ಉಗಾಂಡದ ಮೂಲಕ ತಪ್ಪಿಸಿಕೊಂಡು ನಾರ್ವೆಗೆ ಹೋದರು, ಬಹುಪಕ್ಷ ಪದ್ಧತಿ ಮರಳುತ್ತಲೇ ಹಿಂದಿರುಗಿ 1992ರಲ್ಲಿ ನೈರೋಬಿಯ ಲಂಗಾಟ ಕ್ಷೇತ್ರದಿಂದ ಸಂಸತ್ತಿಗೆ ಆಯ್ಕೆಯಾದರು. ಆಫ್ರಿಕಾದ ದೊಡ್ಡ ಕೊಳೆಗೇರಿಗಳಲ್ಲಿ ಒಂದಾದ ಕಿಬೇರಾ ಆಗ ಆ ಕ್ಷೇತ್ರಕ್ಕೆ ಸೇರಿತ್ತು. ಅಲ್ಲಿನ ಜನ ಕೊನೆಯವರೆಗೂ ಅವರನ್ನು ‘ಬಾಬಾ’ ಎಂದು ಕರೆದರು. ಅಪ್ಪ ಎನ್ನುವ ಅದೇ ಆಪ್ತತೆಯಲ್ಲಿ.

ಇಷ್ಟೆಲ್ಲ ಅನುಭವಿಸಿದ ಮನುಷ್ಯ 2001ರಲ್ಲಿ ಮೋಯ್ ಅವರ ಸಂಪುಟವನ್ನೇ ಸೇರಿದರು. ಮರುವರ್ಷ ತಮ್ಮ ಪಕ್ಷವನ್ನು ಮೋಯ್ ಅವರ ಆಡಳಿತ ಪಕ್ಷದಲ್ಲಿ ವಿಲೀನಗೊಳಿಸಿದರು. ತನ್ನನ್ನು ಜೈಲಿಗೆ ಹಾಕಿದವನ ಜೊತೆ ಹೇಗೆ ಕುಳಿತರು ಎಂದು ಅನೇಕರಿಗೆ ದಿಗಿಲಾಯಿತು. ಆದರೆ ಮೋಯ್ ತಮ್ಮ ಉತ್ತರಾಧಿಕಾರಿಯಾಗಿ ಜೋಮೊ ಅವರ ಮಗ ಉಹುರು ಕೆನ್ಯಾಟರನ್ನು ಆರಿಸಿದ ಕೂಡಲೇ ರೈಲಾ ಅರ್ಧ ಪಕ್ಷವನ್ನೇ ಕಟ್ಟಿಕೊಂಡು ಹೊರನಡೆದರು. 2002ರ ಅಕ್ಟೋಬರ್‌ನಲ್ಲಿ ನೈರೋಬಿಯ ಉಹುರು ಪಾರ್ಕ್‌ನ ಸಭೆಯಲ್ಲಿ, ತಮ್ಮ ಹೆಸರು ಹೇಳಿಕೊಳ್ಳುವ ಬದಲು, ಅಧ್ಯಕ್ಷ ಸ್ಥಾನಕ್ಕೆ ವಿರೋಧ ಪಕ್ಷದ ನಾಯಕ ಮ್ವಾಯಿ ಕಿಬಾಕಿಯೇ ಸಾಕು ಎಂದು ಸ್ವಾಹಿಲಿಯಲ್ಲಿ ಘೋಷಿಸಿದರು. ಕಾರು ಅಪಘಾತದಲ್ಲಿ ಗಾಯಗೊಂಡ ಕಿಬಾಕಿ ಆಸ್ಪತ್ರೆಯಲ್ಲಿದ್ದಾಗ ದೇಶ ಸುತ್ತಿ ಪ್ರಚಾರ ಮಾಡಿದ್ದು ರೈಲಾ. ಸ್ವಾತಂತ್ರ್ಯದ ದಿನದಿಂದ ಆಳುತ್ತಿದ್ದ ಪಕ್ಷ ಮಣ್ಣುಮುಕ್ಕಿತು. ಗೆದ್ದ ಮೇಲೆ ರೈಲಾ ಅವರಿಗೆ ಪ್ರಧಾನಿ ಹುದ್ದೆ ಎಂಬ ಒಪ್ಪಂದವನ್ನು ಕಿಬಾಕಿ ಬಳಗ ಮರೆತುಬಿಟ್ಟಿತು. ಮುಂದಿನ ದುರಂತದ ಬೀಜ ಬಿದ್ದದ್ದು ಆ ವಚನಭಂಗದಲ್ಲಿ.

2007ರ ಡಿಸೆಂಬರ್ 27ರಂದು ಇಬ್ಬರೂ ಎದುರಾಬದುರಾದರು. ಮೊದಲು ಮುಂದಿದ್ದ ರೈಲಾ ಎಣಿಕೆ ತಡವಾಗುತ್ತ ಹೋದಂತೆ ಹಿಂದೆ ಬಿದ್ದರು. ಡಿಸೆಂಬರ್ 30ರಂದು ಸುಮಾರು 2.3 ಲಕ್ಷ ಮತಗಳಿಂದ ಕಿಬಾಕಿ ಗೆದ್ದರೆಂದು ಚುನಾವಣಾ ಆಯೋಗ ಸಾರಿತು, ಅದೇ ಮುಸ್ಸಂಜೆಯಲ್ಲಿ ಅಧ್ಯಕ್ಷರ ಭವನದ ಅಂಗಳದಲ್ಲಿ ತರಾತುರಿಯ ಪ್ರಮಾಣವಚನ ನಡೆಯಿತು. ಕಿಬಾಕಿ ನಿಜವಾಗಿ ಗೆದ್ದರೇ ಎಂಬುದು ತನಗೇ ಗೊತ್ತಿಲ್ಲವೆಂದು ಆಯೋಗದ ಅಧ್ಯಕ್ಷರೇ ಎರಡು ದಿನಗಳಲ್ಲಿ ಹೇಳಿಕೊಂಡರು. ಕಿಸುಮುವಿನಲ್ಲಿ ಪೊಲೀಸರು ಪ್ರತಿಭಟನಕಾರರನ್ನು ಕೊಂದರು. ರಿಫ್ಟ್ ಕಣಿವೆಯಲ್ಲಿ ಕಿಕುಯು ಕುಟುಂಬಗಳ ಮನೆಗಳಿಗೆ ಬೆಂಕಿ ಬಿತ್ತು. ಎಲ್ಡೊರೆಟ್ ಬಳಿ ಚರ್ಚ್‌ನಲ್ಲಿ ಆಶ್ರಯ ಪಡೆದಿದ್ದ ಹೆಂಗಸರು, ಮಕ್ಕಳು ಸುಟ್ಟುಹೋದರು. ನಕುರು, ನೈವಾಶಾದಲ್ಲಿ ಅದಕ್ಕೆ ಪ್ರತೀಕಾರ ನಡೆಯಿತು. ಸತ್ತವರು 1,100ಕ್ಕೂ ಹೆಚ್ಚು. ಮನೆಮಠ ಬಿಟ್ಟು ಓಡಿದವರು ಆರು ಲಕ್ಷಕ್ಕೂ ಹೆಚ್ಚು. ರೈಲಾ ಬೆಂಬಲಿಗರ ಕೈಯಲ್ಲೂ ರಕ್ತವಿತ್ತು ಎಂಬುದನ್ನು ಅವರ ಅಭಿಮಾನಿಗಳು ಇಂದಿಗೂ ಒಪ್ಪಲು ಹಿಂಜರಿಯುತ್ತಾರೆ. ಒಪ್ಪಲೇಬೇಕು.

ವಿಶ್ವಸಂಸ್ಥೆಯ ಮಾಜಿ ಮಹಾಕಾರ್ಯದರ್ಶಿ ಕೋಫಿ ಅನ್ನಾನ್ ವಾರಗಟ್ಟಲೆ ನೈರೋಬಿಯಲ್ಲಿ ಕುಳಿತು ಇಬ್ಬರನ್ನೂ ಒಂದು ಮೇಜಿಗೆ ತಂದರು. 2008ರ ಫೆಬ್ರವರಿ 28ರಂದು ಒಪ್ಪಂದವಾಯಿತು. ಏಪ್ರಿಲ್ 17ರಂದು ರೈಲಾ ಪ್ರಧಾನಿಯಾದರು. ಜೋಮೊ ಕೆನ್ಯಾಟ ಬಿಟ್ಟರೆ ಕೆನ್ಯಾದಲ್ಲಿ ಆ ಹುದ್ದೆ ಕಂಡವರು ಇವರೊಬ್ಬರೇ. ಮಂತ್ರಿಗಳೇ 40 ಮಂದಿ. ಜನ ಅದನ್ನು ಅರ್ಧ ರೊಟ್ಟಿಯ ಸರ್ಕಾರ ಎಂದು ಕರೆದರು. ಸರ್ಕಾರದ ಕೆಲಸಗಳ ‘ಸಮನ್ವಯ ಮತ್ತು ಮೇಲ್ವಿಚಾರಣೆ’ ಪ್ರಧಾನಿಯ ಹೊಣೆ ಎಂದು ಕಾನೂನಿನಲ್ಲಿ ಬರೆದಿತ್ತು, ಅಧಿಕಾರಿಗಳು ಮಾತ್ರ ಕಿಬಾಕಿ ಮುಖ ನೋಡಿಯೇ ಕಡತ ಸರಿಸುತ್ತಿದ್ದರು. ರಿಫ್ಟ್ ಕಣಿವೆಯ ನದಿಗಳಿಗೆ ನೀರುಣಿಸುವ ಮಾವು ಅರಣ್ಯದ ಒತ್ತುವರಿ ತೆರವಿಗೆ ರೈಲಾ ಕೈಹಾಕಿದ್ದು ಇದೇ ಅವಧಿಯಲ್ಲಿ. ಅದು ಸರಿಯಾದ ಕೆಲಸ. ಅದಕ್ಕೆ ತೆತ್ತ ಬೆಲೆಯೂ ದೊಡ್ಡದು. ಕಲೆಂಜಿನ್ ರೈತರು ಸಿಟ್ಟಾದರು, 2007ರಲ್ಲಿ ರೈಲಾ ಜೊತೆಗಿದ್ದ ಯುವ ನಾಯಕ ವಿಲಿಯಂ ರುಟೊ ಆ ಸಿಟ್ಟನ್ನು ಬೆನ್ನಿಗೆ ಕಟ್ಟಿಕೊಂಡು ಬೇರೆಯಾದರು. ಇಂದಿನ ಅಧ್ಯಕ್ಷರು ಅವರೇ.

ಆ ಐದು ವರ್ಷಗಳ ನಿಜವಾದ ಫಲ 2010ರ ಸಂವಿಧಾನ. ರೈಲಾ ಅವರ ಇಡೀ ಬದುಕಿನಲ್ಲಿ ಅತ್ಯಂತ ದೊಡ್ಡ ಗೆಲುವು ಇದೇ ಎಂಬುದು ನನ್ನ ಖಚಿತ ಅಭಿಪ್ರಾಯ. ರಕ್ತಪಾತದ ಭಯ ಇನ್ನೂ ಹಸಿಯಾಗಿದ್ದಾಗ ಕಿಬಾಕಿ ಮತ್ತು ರೈಲಾ ಒಂದೇ ವೇದಿಕೆಯಲ್ಲಿ ನಿಂತು ಮತ ಕೇಳಿದರು. ಆಗಸ್ಟ್ 4ರ ಜನಮತಗಣನೆಯಲ್ಲಿ ಮೂರನೇ ಎರಡರಷ್ಟು ಜನ ಒಪ್ಪಿಗೆ ಕೊಟ್ಟರು. ಅಧ್ಯಕ್ಷರ ಕೈಯಲ್ಲಿದ್ದ ಅಧಿಕಾರ ಒಡೆಯಿತು. 47 ಕೌಂಟಿಗಳು ಹುಟ್ಟಿ, ಚುನಾಯಿತ ಗವರ್ನರುಗಳು ಬಂದು, ರಾಷ್ಟ್ರದ ವರಮಾನದಲ್ಲಿ ಕನಿಷ್ಠ ಶೇ 15ರಷ್ಟನ್ನು ಅವಕ್ಕೆ ಕೊಡಲೇಬೇಕೆಂಬ ನಿಯಮವಾಯಿತು. ನೈರೋಬಿಯಲ್ಲಿ ತಮ್ಮ ಕುಲದವನು ಕುಳಿತರೆ ಮಾತ್ರ ತಮ್ಮೂರಿಗೆ ರಸ್ತೆ, ಆಸ್ಪತ್ರೆ ಎಂಬ ಲೆಕ್ಕಾಚಾರ ಪೂರ್ತಿ ಹೋಗದಿದ್ದರೂ ಸಡಿಲವಾಯಿತು. ಹೊಸದಾಗಿ ಸುಪ್ರೀಂ ಕೋರ್ಟ್ ಬಂತು. ಹಳೆಯ ನ್ಯಾಯಾಧೀಶರೆಲ್ಲ ಯೋಗ್ಯತೆಯ ಪರೀಕ್ಷೆಗೆ ಒಳಗಾಗಬೇಕಾಯಿತು. ಆ ಸಂವಿಧಾನದಲ್ಲಿ ಪ್ರಧಾನಿ ಹುದ್ದೆಯೇ ಇರಲಿಲ್ಲ. ತಾನು ಕುಳಿತಿದ್ದ ಕುರ್ಚಿ ಇಲ್ಲವಾಗುವ ಕಾನೂನಿಗೆ ಅವರು ಊರೂರು ಅಲೆದು ಮತ ಕೇಳಿದರು. ನಾಯಕರನ್ನು ಅಳೆಯುವಾಗ ಇದು ಲೆಕ್ಕಕ್ಕೆ ಬರಬೇಕು.

2013ರಲ್ಲಿ ಶೇ 50.07 ಮತ ಪಡೆದ ಉಹುರು ಎದುರು ಸೋತರು. ಕೋರ್ಟಿಗೆ ಹೋಗಿ ಅಲ್ಲಿಯೂ ಸೋತರು, ತೀರ್ಪಿಗೆ ತಲೆಬಾಗಿದರು. 2017ರಲ್ಲಿ ಮತ್ತೆ ಅದೇ ಕೋರ್ಟು ಮಾಡಿದ್ದನ್ನು ಆಫ್ರಿಕಾದಲ್ಲಿ ಅದುವರೆಗೆ ಯಾರೂ ಕಂಡಿರಲಿಲ್ಲ. ಸೆಪ್ಟೆಂಬರ್ 1ರಂದು ಮುಖ್ಯ ನ್ಯಾಯಮೂರ್ತಿ ಡೇವಿಡ್ ಮರಾಗಾ ನೇತೃತ್ವದ ಪೀಠ, ಅಧಿಕಾರದಲ್ಲಿದ್ದ ಅಧ್ಯಕ್ಷರ ಗೆಲುವನ್ನೇ ರದ್ದುಗೊಳಿಸಿತು. ಚುನಾವಣೆಗೆ ಕೆಲವೇ ದಿನ ಮುಂಚೆ ಆಯೋಗದ ತಂತ್ರಜ್ಞಾನ ವಿಭಾಗದ ಮುಖ್ಯಸ್ಥರ ಶವ ಸಿಕ್ಕಿತ್ತು, ಮತ ಎಣಿಕೆಯ ಕಂಪ್ಯೂಟರುಗಳನ್ನು ತೆರೆದು ತೋರಿಸಲು ಆಯೋಗ ಒಪ್ಪಿರಲಿಲ್ಲ. ಆಯೋಗ ಸುಧಾರಣೆಯಾಗದೆ ಮರುಚುನಾವಣೆಗೆ ನಿಲ್ಲುವುದಿಲ್ಲವೆಂದು ರೈಲಾ ಹಿಂದೆ ಸರಿದರು. 2018ರ ಜನವರಿ 30ರಂದು ಉಹುರು ಪಾರ್ಕ್‌ನಲ್ಲಿ ತಮ್ಮನ್ನು ‘ಜನರ ಅಧ್ಯಕ್ಷ’ ಎಂದು ಕರೆದುಕೊಂಡು ಪ್ರಮಾಣ ಸ್ವೀಕರಿಸಿದರು. ಸರ್ಕಾರ ಟಿವಿ ವಾಹಿನಿಗಳನ್ನೇ ಬಂದ್ ಮಾಡಿತು. ದೇಶ ಮತ್ತೆ 2007ರ ಅಂಚಿಗೆ ಬಂದು ನಿಂತಂತಾಯಿತು.

ಆರು ವಾರ ಕಳೆಯುವಷ್ಟರಲ್ಲಿ, ಮಾರ್ಚ್ 9ರಂದು, ಉಹುರು ಮತ್ತು ರೈಲಾ ಅಧ್ಯಕ್ಷರ ಕಚೇರಿ ಹರಂಬೆ ಹೌಸ್‌ನ ಮೆಟ್ಟಿಲ ಮೇಲೆ ಕೈಕುಲುಕಿದರು. ಕೆನ್ಯಾದಲ್ಲಿ ಇಂದಿಗೂ ‘ಹ್ಯಾಂಡ್‌ಶೇಕ್’ ಎಂದರೆ ಸಾಕು, ಯಾವುದೆಂದು ಯಾರೂ ಕೇಳುವುದಿಲ್ಲ. ಅಂಗಡಿಗಳ ಬಾಗಿಲು ತೆರೆದವು, ಕಿಸುಮುವಿನ ಮೇಲೆ ಕವಿದಿದ್ದ ಪೊಲೀಸ್ ಭಯ ಇಳಿಯಿತು. ಇಷ್ಟು ನಿಜ. ಇನ್ನೊಂದು ನಿಜವೂ ಇದೆ. ಹಿಂದಿನ ಆಗಸ್ಟ್‌ನಲ್ಲಿ ಕಿಸುಮುವಿನ ಒಂದು ಮನೆಗೆ ನುಗ್ಗಿದ ಪೊಲೀಸರ ಲಾಠಿ ಏಟಿಗೆ ಆರು ತಿಂಗಳ ಹಸುಗೂಸೊಂದು ಸತ್ತಿತ್ತು. ಆ ತಾಯಿ, ಅವಳಂಥ ಹತ್ತಾರು ಮನೆಯವರು ಹಸ್ತಲಾಘವದ ಮಾತುಕತೆಯಲ್ಲಿ ಎಲ್ಲಿಯೂ ಇರಲಿಲ್ಲ. 2007ರ ಹತ್ಯೆಗಳದ್ದೂ ಇದೇ ಗತಿ. ಹೇಗ್‌ನ ಅಂತರರಾಷ್ಟ್ರೀಯ ಅಪರಾಧ ನ್ಯಾಯಾಲಯದಲ್ಲಿ ಉಹುರು, ರುಟೊ ಇಬ್ಬರ ಮೇಲೂ ಪ್ರಕರಣಗಳಿದ್ದವು. ಒಂದು 2014ರಲ್ಲಿ, ಇನ್ನೊಂದು 2016ರಲ್ಲಿ ಶಿಕ್ಷೆಯಿಲ್ಲದೆ ಮುಗಿದುಹೋದವು. ನಾಯಕರು ರಾಜಿಯಾದ ಕ್ಷಣವೇ ಸತ್ತವರ ಕಡತ ಮುಚ್ಚಿಹೋಗುತ್ತದೆ. ರೈಲಾ ಮಾಡಿದ ಪ್ರತಿಯೊಂದು ರಾಜಿಯೂ ಮುಂದಾಗಬಹುದಾಗಿದ್ದ ಸಾವುಗಳನ್ನು ತಡೆದಿರಬಹುದು. ಆಗಿಹೋದ ಸಾವುಗಳಿಗೆ ಉತ್ತರ ಕೊಡಿಸಲಿಲ್ಲ. ಅವರನ್ನು ಮೆಚ್ಚುವವರು ಮೊದಲ ವಾಕ್ಯಕ್ಕೆ ನಿಲ್ಲುತ್ತಾರೆ, ದ್ವೇಷಿಸುವವರು ಎರಡನೆಯದನ್ನಷ್ಟೇ ಓದುತ್ತಾರೆ.

ಉಹುರು ಜೊತೆಗೂಡಿ ಸಂವಿಧಾನವನ್ನೇ ತಿದ್ದಿ ಪ್ರಧಾನಿ ಹುದ್ದೆ ಮರಳಿ ತರುವ ಪ್ರಯತ್ನವನ್ನೂ ರೈಲಾ ಮಾಡಿದರು. ನ್ಯಾಯಾಲಯಗಳು ಅದನ್ನು ತಡೆದವು. ಯಾವ ಸಂವಿಧಾನಕ್ಕಾಗಿ ಜೀವ ತೇದರೋ ಅದೇ ಅವರ ಕೈಕಟ್ಟಿತು. ಕಾನೂನು ಗಟ್ಟಿಯಾಗಿದೆ ಎನ್ನುವುದಕ್ಕೆ ಅದಕ್ಕಿಂತ ಸಾಕ್ಷಿ ಬೇಕಿಲ್ಲ. 2022ರಲ್ಲಿ ಉಹುರು ಬೆಂಬಲವಿದ್ದೂ ಶೇ 48.85 ಮತ ಪಡೆದು ರುಟೊ ಎದುರು ಸೋತರು. ರುಟೊ ಪಡೆದದ್ದು ಶೇ 50.49. 2023ರಲ್ಲಿ ಬೆಲೆಯೇರಿಕೆಯ ವಿರುದ್ಧ ಬೀದಿಗಿಳಿದಾಗ ಜನ ಖಾಲಿ ಅಡುಗೆ ಪಾತ್ರೆಗಳನ್ನು ತಲೆಗೆ ಕವುಚಿಕೊಂಡು ಅವರ ಹಿಂದೆ ಬಂದರು.

ಮರುವರ್ಷ ಬೀದಿಗಿಳಿದವರು ಬೇರೆ. ಹಣಕಾಸು ಮಸೂದೆಯ ಹೊಸ ತೆರಿಗೆಗಳ ವಿರುದ್ಧ 2024ರ ಜೂನ್‌ನಲ್ಲಿ ಎದ್ದ ಇಪ್ಪತ್ತರ ಆಸುಪಾಸಿನ ಯುವಜನ ಮೊಬೈಲ್‌ನಲ್ಲೇ ಮಸೂದೆ ಓದಿ, ಸ್ಥಳೀಯ ಭಾಷೆಗಳಲ್ಲಿ ವಿವರಿಸಿ, ತಮಗೆ ನಾಯಕರೂ ಇಲ್ಲ, ಕುಲವೂ ಇಲ್ಲ, ಪಕ್ಷವೂ ಇಲ್ಲ ಎಂದು ಸಾರಿದರು. ಜೂನ್ 25ರಂದು ಸಂಸತ್ತಿಗೇ ನುಗ್ಗಿದರು. ಪೊಲೀಸರ ಗುಂಡಿಗೆ ಬಿದ್ದವರು ಹಲವರು, ಮನೆಗಳಿಂದ ಕಣ್ಮರೆಯಾದವರು ಇನ್ನೂ ಹಲವರು. ಮರುದಿನ ರುಟೊ ಮಸೂದೆ ಹಿಂತೆಗೆದುಕೊಂಡರು, ಜುಲೈನಲ್ಲಿ ಸಂಪುಟವನ್ನೇ ವಜಾ ಮಾಡಿದರು. ಆ ಖಾಲಿ ಕುರ್ಚಿಗಳಲ್ಲಿ ಹಣಕಾಸು, ಇಂಧನ, ಗಣಿ, ಸಹಕಾರ ಖಾತೆಗಳು ಹೋದದ್ದು ರೈಲಾ ಅವರ ಆರೆಂಜ್ ಡೆಮಾಕ್ರಟಿಕ್ ಮೂವ್‌ಮೆಂಟ್ ಪಕ್ಷದವರಿಗೆ. ಗೆಳೆಯರನ್ನು ಮಣ್ಣು ಮಾಡಿ ಬಂದ ಹುಡುಗರಿಗೆ ಇದು ಹೇಗೆ ಕಂಡಿರಬೇಡ. ರೈಲಾ ಜೀವಮಾನದ ಅತಿ ದೊಡ್ಡ ತಪ್ಪು ಇದೇ ಎಂದು ನಾನು ತಿಳಿಯುತ್ತೇನೆ. 2008ರಲ್ಲಿ, 2018ರಲ್ಲಿ ಬೀದಿಯಲ್ಲಿದ್ದವರು ಅವರ ಕರೆಗೆ ಬಂದವರು; ಅವರ ಪರವಾಗಿ ರಾಜಿ ಮಾಡುವ ಹಕ್ಕು ರೈಲಾ ಅವರಿಗೆ ಒಂದಿಷ್ಟಾದರೂ ಇತ್ತು. 2024ರವರು ಅವರನ್ನು ಪ್ರತಿನಿಧಿಯೆಂದು ಆರಿಸಿಯೇ ಇರಲಿಲ್ಲ.

2025ರ ಫೆಬ್ರವರಿಯಲ್ಲಿ ಆಫ್ರಿಕನ್ ಒಕ್ಕೂಟದ ಆಯೋಗದ ಅಧ್ಯಕ್ಷತೆಗೆ, ರುಟೊ ಸರ್ಕಾರದ ಬೆಂಬಲದೊಂದಿಗೆ ಸ್ಪರ್ಧಿಸಿ ಜಿಬೂಟಿಯ ಅಭ್ಯರ್ಥಿಯೆದುರು ಸೋತರು. ಮಾರ್ಚ್ 7ರಂದು ರುಟೊ ಜೊತೆ ಹತ್ತು ಅಂಶಗಳ ಒಪ್ಪಂದಕ್ಕೆ ಸಹಿ ಹಾಕಿದರು. ಕೌಂಟಿಗಳಿಗೆ ಹೆಚ್ಚು ಹಣ, ಶಾಂತಿಯುತ ಪ್ರತಿಭಟನೆಯ ಹಕ್ಕು, ಪ್ರತಿಭಟನೆಗಳಲ್ಲಿ ಸತ್ತವರ ಮತ್ತು ಗಾಯಗೊಂಡವರ ಕುಟುಂಬಗಳಿಗೆ ಪರಿಹಾರ ಎಲ್ಲವೂ ಆ ಪಟ್ಟಿಯಲ್ಲಿದ್ದವು. ಏಳು ತಿಂಗಳಲ್ಲಿ ಅವರೇ ಇಲ್ಲವಾದರು. ತನ್ನನ್ನು 72 ಗಂಟೆಯೊಳಗೆ ಮಣ್ಣು ಮಾಡಬೇಕೆಂಬುದು ಅವರ ಇಚ್ಛೆಯಾಗಿತ್ತು. ಅಕ್ಟೋಬರ್ 19ರಂದು ಬೊಂಡೊದಲ್ಲಿ, ತಂದೆಯ ಸಮಾಧಿಯಿರುವ ಮನೆಯಂಗಳದಲ್ಲಿ ಅಂತ್ಯಕ್ರಿಯೆ ಮುಗಿಯಿತು. ಪಕ್ಷದ ಹೊಣೆ ಅಣ್ಣ ಓಬುರು ಒಗಿಂಗಾ ಅವರ ಹೆಗಲೇರಿತು.

1997ರಿಂದ ಈಚೆಗೆ ಕೆನ್ಯಾದ ಪ್ರತಿಯೊಂದು ಅಧ್ಯಕ್ಷೀಯ ಚುನಾವಣೆಯೂ ರೈಲಾ ಸುತ್ತಲೇ ನಡೆದದ್ದು. ಒಂದೋ ಅವರೇ ಅಭ್ಯರ್ಥಿ, ಇಲ್ಲವೇ 2002ರಂತೆ ಅಭ್ಯರ್ಥಿಯನ್ನು ಗೆಲ್ಲಿಸಿದವರು. 2027ರಲ್ಲಿ ಅವರ ಮತಗಳು ಎಲ್ಲಿ ಹೋಗುತ್ತವೆ ಎಂಬುದೇ ಎಲ್ಲರ ಲೆಕ್ಕ. ರುಟೊಗೆ ಅವು ಬೇಕೇಬೇಕು, ಏಕೆಂದರೆ 2022ರಲ್ಲಿ ಅವರನ್ನು ಗೆಲ್ಲಿಸಿದ ಕಿಕುಯು ಪ್ರದೇಶ, 2024ರ ಅಕ್ಟೋಬರ್‌ನಲ್ಲಿ ಉಪಾಧ್ಯಕ್ಷ ರಿಗಾಥಿ ಗಚಾಗುವಾ ಪದಚ್ಯುತರಾದ ಮೇಲೆ ಮುನಿಸಿಕೊಂಡಿದೆ. ರೈಲಾ ಪಕ್ಷದವರಲ್ಲೇ ಒಂದು ಬಣ ಅಧಿಕಾರದ ನೆರಳಿನಲ್ಲಿ ಉಳಿಯಬೇಕೆನ್ನುತ್ತದೆ, ಇನ್ನೊಂದಕ್ಕೆ ಅದು ಆತ್ಮಹತ್ಯೆಯಾಗಿ ಕಾಣುತ್ತದೆ. 2023ರ ಜನವರಿಯಿಂದ ಎರಡೂವರೆ ವರ್ಷ ಅಧ್ಯಕ್ಷರೇ ಇಲ್ಲದೆ ಕಳೆದ ಚುನಾವಣಾ ಆಯೋಗಕ್ಕೆ ಹೊಸಬರು ಬಂದದ್ದು 2025ರ ಜುಲೈನಲ್ಲಿ.

ನನ್ನ ಆತಂಕ ಮತಗಳ ಲೆಕ್ಕದ್ದಲ್ಲ. ಫಲಿತಾಂಶದ ಬಗ್ಗೆ ತಕರಾರು ಎದ್ದರೆ ಈಗ ಸುಪ್ರೀಂ ಕೋರ್ಟ್ ಇದೆ, ಅದಕ್ಕೆ ಒಮ್ಮೆ ಧೈರ್ಯ ತೋರಿದ ಇತಿಹಾಸವೂ ಇದೆ. ಬೀದಿಗಿಳಿದವರನ್ನು ಮನೆಗೆ ಮರಳಿಸಬಲ್ಲ ಮಾತು ಯಾರದ್ದೂ ಉಳಿದಿಲ್ಲ. ಅದು ಇರಬೇಕಾಗಿಯೂ ಇಲ್ಲ, ಯುವಜನರ ಮೇಲೆ ಗುಂಡು ಹಾರಿಸಿದವರು ಕಟಕಟೆಗೆ ಬರುವಂತಾದರೆ. ಒಪ್ಪಂದದಲ್ಲಿದ್ದ ಪರಿಹಾರದ ಅಂಶಕ್ಕಾಗಿ ರುಟೊ 2025ರ ಆಗಸ್ಟ್‌ನಲ್ಲಿ ಸಮಿತಿಯೊಂದನ್ನು ನೇಮಿಸಿದರು. ಅಂಥ ಸಮಿತಿ ರಚಿಸುವ ಅಧಿಕಾರ ಅಧ್ಯಕ್ಷರಿಗಿದೆಯೇ ಎಂಬ ಪ್ರಶ್ನೆ ಕೂಡಲೇ ನ್ಯಾಯಾಲಯದ ಮೆಟ್ಟಿಲೇರಿತು. ಪರಿಹಾರದ ಹಣದ ಜೊತೆಗೆ ಗುಂಡು ಹಾರಿಸಿದವರ ಮೇಲೆ ಮೊಕದ್ದಮೆಯೂ ನಡೆಯಬೇಕು, ಚುನಾವಣೆಗೆ ಮುನ್ನವೇ ನಡೆಯಬೇಕು. ರೈಲಾ ಸಹಿ ಹಾಕಿದ ಕೊನೆಯ ಕಾಗದದಲ್ಲಿ ಅದಕ್ಕೆ ಅರ್ಧ ಜಾಗವಷ್ಟೇ ಇತ್ತು. ಇನ್ನರ್ಧವನ್ನು ಬರೆಸಿಕೊಳ್ಳಬೇಕಾದವರು ಅವರ ಪಕ್ಷದ ಮಂತ್ರಿಗಳು, ಅವರಿನ್ನೂ ರುಟೊ ಸಂಪುಟದಲ್ಲಿ ಕುಳಿತಿರುವಾಗಲೇ.